ಮಿಂಚುಹುಳದ ಬೆಳಕು ಎಷ್ಟು ವ್ಯಾಟ್?



ಮಳೆಗಾಲಕ್ಕೆ ಮುಂಚೆ ನಮ್ಮ ಘಟ್ಟದ ಮರಗಳಲ್ಲಿ ಮಿನುಗುವ ಮಿಂಚುಹುಳಗಳನ್ನು ನಿಮ್ಮಲ್ಲಿ ಹಲವರು ನೋಡಿರುತ್ತೀರಿ. ಆ ಬೆಳಕು ಎಷ್ಟು ವ್ಯಾಟ್? ಇದನ್ನು ಕಂಡುಹಿಡಿಯಲು ಪಿಯುಸಿ ಭೌತಶಾಸ್ತ್ರವೇ ಸಾಕು.

ಕತ್ತಲೆ ಕೋಣೆಯಲ್ಲಿ ಹುಳದ ಹೊಟ್ಟೆಗೆ ಎದುರಾಗಿ 10 ಸೆಂಟಿಮೀಟರ್ ದೂರದಲ್ಲಿ ಲಕ್ಸ್ ಮೀಟರ್ ಇಟ್ಟಿದ್ದೀರಿ, ಮಿಂಚಿದಾಗ ಅದು 0.25 ಲಕ್ಸ್ ತೋರಿಸಿತು ಎಂದಿಟ್ಟುಕೊಳ್ಳಿ. (ಲೆಕ್ಕಕ್ಕಾಗಿ ಹಿಡಿದ ಅಂಕಿ ಇದು. ಅಗ್ಗದ ಮೀಟರಿಗೆ ಇಷ್ಟು ಮಂದವಾದ, ಕ್ಷಣಕಾಲದ ಬೆಳಕನ್ನು ಹಿಡಿಯುವುದು ಕಷ್ಟ.) ಬೆಳಕು ಎಲ್ಲ ದಿಕ್ಕಿಗೂ ಸಮನಾಗಿ ಹರಡುತ್ತದೆ ಎಂದರೆ ಗೋಲದ ಮೇಲ್ಮೈ 4πr² ಇಂದ ಗುಣಿಸಬೇಕು, 0.031 ಲ್ಯೂಮೆನ್ ಬರುತ್ತದೆ. ಹೆಚ್ಚಿನವರು ಇಲ್ಲಿಗೇ ನಿಲ್ಲಿಸುತ್ತಾರೆ. ಆದರೆ ಹುಳದ ದೀಪ ಇರುವುದು ಹೊಟ್ಟೆಯ ಅಡಿಯಲ್ಲಿ, ಬೆನ್ನಿನ ಕಡೆಗಲ್ಲ. ಅದನ್ನು ಬೆಳಗುವ ಚಪ್ಪಟೆ ಕಾಗದದಂತೆ ಭಾವಿಸಿದರೆ ಗುಣಿಸಬೇಕಾದ್ದು ಬರೀ πr² ಇಂದ. ಆಗ ಸಿಗುವುದು 0.0079 ಲ್ಯೂಮೆನ್. ಮೀಟರ್ ಅದೇ, ಹುಳ ಅದೇ, ಉತ್ತರ ಮಾತ್ರ ಕಾಲು ಭಾಗ!

ಇನ್ನು ವ್ಯಾಟ್. ನಮ್ಮ ಕಣ್ಣಿಗೆ ಅತಿ ಪ್ರಕಾಶವಾಗಿ ಕಾಣುವ 555 ನ್ಯಾನೊಮೀಟರ್ ಹಸಿರು ಬೆಳಕಿನಲ್ಲಿ 1 ವ್ಯಾಟ್ ಎಂದರೆ 683 ಲ್ಯೂಮೆನ್. ಮಿಂಚುಹುಳದ ಹಳದಿ-ಹಸಿರು 560ರ ಆಸುಪಾಸಿನದು, ಸ್ವಲ್ಪ ಹರಡಿಕೊಂಡಿರುತ್ತದೆ. ಆದ್ದರಿಂದ 600 ಎಂದು ಹಿಡಿಯೋಣ. ಉತ್ತರ ಸುಮಾರು 13 ಮೈಕ್ರೋವ್ಯಾಟ್. ಒಂದು ಫೋಟಾನಿನ ಶಕ್ತಿ hc/λ, ಅಂದರೆ 3.5×10⁻¹⁹ ಜೂಲ್, ಹಾಗಾಗಿ ಸೆಕೆಂಡಿಗೆ ಸುಮಾರು 37 ಲಕ್ಷ ಕೋಟಿ ಫೋಟಾನುಗಳು. ಎರಡು ಸೆಕೆಂಡಿಗೊಮ್ಮೆ 0.2 ಸೆಕೆಂಡ್ ಮಾತ್ರ ಮಿಂಚುವ ಹುಳವಾದರೆ ಸರಾಸರಿ ಸಾಮರ್ಥ್ಯ ಇದರ ಹತ್ತರಲ್ಲೊಂದು.

2020ರಲ್ಲಿ ನಮ್ಮ ಕರಾವಳಿಯ ಅಲೆಗಳು ರಾತ್ರಿ ನೀಲಿಯಾಗಿ ಹೊಳೆದದ್ದು ನೆನಪಿರಬಹುದು. ಅದು ನಾಕ್ಟಿಲೂಕಾ ಎಂಬ ಏಕಕೋಶ ಜೀವಿಯ ಕೆಲಸ. ಅಲ್ಲಿ 600 ಬಳಸಿದರೆ ಲೆಕ್ಕ ಕೆಟ್ಟಿತು. 475 ನ್ಯಾನೊಮೀಟರ್ ನೀಲಿಯಲ್ಲಿ 1 ವ್ಯಾಟಿಗೆ ಸಿಗುವುದು ಸುಮಾರು 77 ಲ್ಯೂಮೆನ್ ಮಾತ್ರ. ಲಕ್ಸ್ ಮೀಟರ್ ಅಳೆಯುವುದು ಶಕ್ತಿಯನ್ನಲ್ಲ, ಮನುಷ್ಯನ ಕಣ್ಣಿಗೆ ತೋರುವಷ್ಟನ್ನು.

ಇಂಥ ತಿದ್ದುಪಡಿ ದೊಡ್ಡ ಪ್ರಯೋಗಾಲಯಗಳಲ್ಲೂ ಆಗಿದೆ. ಮಿಂಚುಹುಳದ ನೂರು ಲೂಸಿಫೆರಿನ್ ಅಣುಗಳು ಉರಿದರೆ 88 ಫೋಟಾನು ಹೊರಬರುತ್ತವೆ ಎಂದು 1960ರಲ್ಲಿ ಅಮೆರಿಕದ ಸೆಲಿಗರ್ ಮತ್ತು ಮೆಕೆಲ್ರಾಯ್ ಪ್ರಕಟಿಸಿದರು. ಪುಸ್ತಕಗಳು ಅದನ್ನೇ ಬರೆದುಕೊಂಡು ಬಂದವು. 2008ರಲ್ಲಿ ಜಪಾನಿನ ವಿಜ್ಞಾನಿಗಳು ಉಪಕರಣವನ್ನು ಎಚ್ಚರದಿಂದ ಸರಿಹೊಂದಿಸಿ ಮತ್ತೆ ಅಳೆದಾಗ ಬಂದದ್ದು 41.

ನೀವು ಅಳೆಯುವುದಾದರೆ ಒಂದೇ ಹುಳ ಸಾಕು. ಮುಗಿದ ಮೇಲೆ ಹಿಡಿದ ಜಾಗದಲ್ಲೇ ಬಿಟ್ಟುಬಿಡಿ.