ಕತ್ತರಿಯ ಹೊಣೆ: ರೇಣು ಸಲೂಜಾ ಅವರ ಸಂಕಲನ



ಸಿನಿಮಾದ ಕೆಲಸಗಳಲ್ಲಿ ಸಂಕಲನಕ್ಕೊಂದು ವಿಚಿತ್ರ ವಿಧಿಯಿದೆ. ಛಾಯಾಗ್ರಹಣ ಚೆನ್ನಾಗಿದ್ದರೆ ಪ್ರೇಕ್ಷಕರು ಗುರುತಿಸಿ ಮೆಚ್ಚುತ್ತಾರೆ. ಸಂಕಲನ ಚೆನ್ನಾಗಿದ್ದರೆ ಅದು ನಡೆದಿದೆ ಎಂಬುದೇ ಅವರ ಅರಿವಿಗೆ ಬಾರದು. ಕಾಣದಿರುವುದೇ ಗುಣವೆನಿಸಿಕೊಂಡ ಈ ವೃತ್ತಿಯಲ್ಲಿ ಒಬ್ಬ ಹೆಣ್ಣುಮಗಳು ಎರಡು ದಶಕ ದುಡಿದರೆ ಆಕೆಯ ಹೆಸರು ಎಲ್ಲಿ ಉಳಿಯುತ್ತದೆ? ರೇಣು ಸಲೂಜಾ ಅವರ ಬದುಕು ಎತ್ತುವ ಮೊದಲ ಪ್ರಶ್ನೆ ಇದು.

1952ರಲ್ಲಿ ಜನಿಸಿದ ರೇಣು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಅರ್ಜಿ ಹಾಕಿದ್ದು ನಿರ್ದೇಶನ ಕಲಿಯಲೆಂದು. ಅಲ್ಲಿ ಪ್ರವೇಶ ದೊರೆಯದೆ ಸಂಕಲನ ವಿಭಾಗ ಸೇರಿ, 1976ರಲ್ಲಿ ವ್ಯಾಸಂಗ ಮುಗಿಸಿದರು. ಗಿರೀಶ ಕಾರ್ನಾಡರು ಸಂಸ್ಥೆಯ ಮುಖ್ಯಸ್ಥರಾಗಿದ್ದುದೂ ಆ ವರ್ಷಗಳಲ್ಲೇ. ಪುಣೆಯ ಅಂದಿನ ಒಡನಾಡಿಗಳಾದ ಸಯೀದ್ ಮಿರ್ಜಾ, ಕುಂದನ್ ಶಾ, ವಿಧು ವಿನೋದ್ ಚೋಪ್ರಾ ಅವರ ಚಿತ್ರಗಳಿಗೆ ಮುಂದೆ ರೇಣು ಸಂಕಲನಕಾರರಾದರು. ಚೋಪ್ರಾ ಅವರೊಂದಿಗಿನ ದಾಂಪತ್ಯ ಮುರಿದ ಮೇಲೂ ಅವರ ಚಿತ್ರಗಳ ಸಂಕಲನ ನಿಲ್ಲಲಿಲ್ಲ.

ಆಗ ಸಂಕಲನವೆಂದರೆ ಅಕ್ಷರಶಃ ಕೈಗೆಲಸ. ಸೆಕೆಂಡಿಗೆ 24 ಚೌಕಟ್ಟುಗಳಂತೆ ಓಡುವ ಫಿಲ್ಮನ್ನು ಕತ್ತರಿಸಿ, ಅಂಟಿಸಿ, ಮತ್ತೆ ಓಡಿಸಿ ನೋಡಬೇಕು. ‘ಜಾನೇ ಭೀ ದೋ ಯಾರೋ’ (1983) ಚಿತ್ರದ ಕೊನೆಯ ಮಹಾಭಾರತ ಪ್ರಸಂಗವನ್ನು ನೆನೆಯಬಹುದು. ರಂಗದ ಮೇಲೆ ದ್ರೌಪದಿಯ ಸೀರೆಯುಟ್ಟ ಹೆಣ. ಅದಕ್ಕಾಗಿ ಕಳ್ಳರೂ ಪ್ರಾಮಾಣಿಕರೂ ಕಿತ್ತಾಡುತ್ತಾರೆ. ಹತ್ತಾರು ಪಾತ್ರಗಳ ಆ ಗೊಂದಲದಲ್ಲಿ ಯಾವ ಮುಖವನ್ನು ಯಾವ ಕ್ಷಣಕ್ಕೆ ತೋರಿಸಬೇಕೆಂಬ ಲೆಕ್ಕ ಒಂದಿಷ್ಟು ತಪ್ಪಿದರೂ ನಗು ಸತ್ತುಹೋಗುತ್ತಿತ್ತು. ‘ಪರಿಂದಾ’ದಲ್ಲಿ (1989) ಗುಂಡಿನ ಸದ್ದಿಗೆ ಪಾರಿವಾಳಗಳು ಹಾರುತ್ತವೆ, ಅಲ್ಲಿ ಭಯ ಹುಟ್ಟುವುದು ರಕ್ತಕ್ಕಿಂತ ಹೆಚ್ಚಾಗಿ ರೆಕ್ಕೆಗಳ ಬಡಿತದಿಂದ. ‘ಪರಿಂದಾ’, ‘ಧಾರಾವಿ’, ‘ಸರ್ದಾರ್’, ‘ಗಾಡ್‌ಮದರ್’ ಈ ನಾಲ್ಕು ಚಿತ್ರಗಳ ಸಂಕಲನಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಸಂದಿತು.

ಪ್ರಶಸ್ತಿಗಳ ಪಟ್ಟಿಯೊಂದಿಗೆ ಮಾತು ಮುಗಿಸಿದರೆ ಅದು ಸುಲಭದ ಗೌರವವಾದೀತು. ಶೇಖರ್ ಕಪೂರ್ ನಿರ್ದೇಶಿಸಿದ ‘ಬ್ಯಾಂಡಿಟ್ ಕ್ವೀನ್’ (1994) ಚಿತ್ರವನ್ನು ಸಂಕಲಿಸಿದವರೂ ರೇಣು ಅವರೇ. ಸ್ವತಃ ಫೂಲನ್ ದೇವಿ ಈ ಚಿತ್ರದ ವಿರುದ್ಧ ನ್ಯಾಯಾಲಯದ ಮೆಟ್ಟಿಲೇರಿದರು. ಬದುಕಿರುವ ಹೆಣ್ಣೊಬ್ಬಳ ಮೇಲಿನ ಅತ್ಯಾಚಾರವನ್ನು ಆಕೆಯ ಒಪ್ಪಿಗೆಯಿಲ್ಲದೆ ತೆರೆಗೆ ತರುವ ಹಕ್ಕು ಯಾರಿಗಿದೆ ಎಂದು ಅರುಂಧತಿ ರಾಯ್ ಕೇಳಿದರು. ವಿವಾದವೆಲ್ಲ ನಿರ್ದೇಶಕರ ಹೆಸರಿನ ಸುತ್ತಲೇ ಸುತ್ತಿತು. ಆದರೆ ಹಿಂಸೆಯ ದೃಶ್ಯವೊಂದು ತೆರೆಯ ಮೇಲೆ ಎಷ್ಟು ಹೊತ್ತು ನಿಲ್ಲಬೇಕು, ಎಲ್ಲಿ ಕಣ್ಣು ತಿರುಗಿಸಬೇಕು, ನೋಟ ಯಾರದಾಗಿರಬೇಕು ಎಂಬುದು ಅಂತಿಮ ರೂಪ ಪಡೆಯುವುದು ಸಂಕಲನದ ಮೇಜಿನ ಮೇಲೆ. ನಿರ್ದೇಶಕರ ಒಪ್ಪಿಗೆ ಅದಕ್ಕೆ ಬೇಕು, ನಿಜ. ಅಷ್ಟರಿಂದ ಆ ಮೇಜಿನ ಮುಂದೆ ಕುಳಿತವರ ವಿವೇಚನೆ ಇಲ್ಲವಾಗದು.

ತೆರೆಮರೆಯ ಹೆಣ್ಣಿನ ದುಡಿಮೆಗೆ ಮನ್ನಣೆ ಬೇಕೆಂದು ಕೇಳುವ ಪ್ರಗತಿಪರ ಮನಸ್ಸು ಇಲ್ಲಿ ಹಿಂಜರಿಯಬಾರದು. ‘ಪರಿಂದಾ’ದ ಯಶಸ್ಸಿನಲ್ಲಿ ರೇಣು ಅವರ ಪಾಲನ್ನು ಎತ್ತಿ ಹಿಡಿದು, ‘ಬ್ಯಾಂಡಿಟ್ ಕ್ವೀನ್’ ಬಂದಾಗ ಅವರನ್ನು ಕೇವಲ ತಂತ್ರಜ್ಞೆಯೆಂದು ಪಕ್ಕಕ್ಕೆ ಸರಿಸಿದರೆ ಅದು ರಕ್ಷಣೆಯ ಸೋಗಿನ ಅವಮಾನ. ಆಕೆಯನ್ನು ಕರ್ತೃವೆಂದು ಒಪ್ಪಿದ ಮೇಲೆ ಆಕೆಯ ಆಯ್ಕೆಗಳೊಂದಿಗೆ ಜಗಳವನ್ನೂ ಆಡಬೇಕು. ಪುರುಷ ನಿರ್ದೇಶಕರಿಗೆ ಆ ಗೌರವ ಎಂದೂ ತಪ್ಪಿಲ್ಲ.

ರೇಣು ಸಲೂಜಾ 2000ದ ಆಗಸ್ಟ್‌ನಲ್ಲಿ, 48ನೆಯ ವಯಸ್ಸಿನಲ್ಲಿ ಕ್ಯಾನ್ಸರಿಗೆ ಬಲಿಯಾದರು. ಅವರು ಕತ್ತರಿಸಿ ಬಿಟ್ಟದ್ದೇನೆಂದು ನೋಡುಗರಿಗೆ ತಿಳಿಯುವ ದಾರಿಯಿಲ್ಲ. ಉಳಿಸಿಕೊಂಡದ್ದು ಎಲ್ಲರ ಕಣ್ಣಮುಂದಿದೆ. ಹೊಗಳಿಕೆಯಾಗಲಿ ತಕರಾರಾಗಲಿ, ಅದನ್ನು ಅವರ ಹೆಸರಿಗೇ ಸಲ್ಲಿಸಬೇಕು.