ರುಮಾಲು ಮತ್ತು ಬೂಟು



ಹಿರಿಯರ ಮುಂದೆ ಬರುವಾಗ ತಲೆಯ ಮೇಲೆ ರುಮಾಲು ಇರಬೇಕು, ಚಪ್ಪಲಿ ಹೊಸ್ತಿಲಾಚೆ ಇರಬೇಕು. ಇದು ನಮ್ಮ ಬಾಗಲಕೋಟೆ, ಹುನಗುಂದ ಸೀಮೆಯ ಮರ್ಯಾದೆ. ವಿಕ್ಟೋರಿಯಾ ರಾಣಿಯ ಕಾಲದ ಇಂಗ್ಲಿಷರದು ಇದಕ್ಕೆ ತೀರ ಉಲ್ಟಾ. ಒಳಗೆ ಬಂದರೆ ಹ್ಯಾಟು ತೆಗೆಯಬೇಕು, ಬೂಟು ಮಾತ್ರ ಕಾಲಲ್ಲೇ ಇರಬೇಕು.

ಎರಡೂ ಸಭ್ಯತೆಗಳೇ. ಕಷ್ಟ ಬಂದದ್ದು ಆಳುವವರು ತಮ್ಮ ಬೂಟು ಹಾಗೇ ಇಟ್ಟುಕೊಂಡು, ನಮ್ಮವರಿಗೆ ಮಾತ್ರ ಬಿಚ್ಚಿ ಬನ್ನಿ ಎಂದಾಗ. 1862ರಲ್ಲಿ ಸೂರತ್ತಿನ ನ್ಯಾಯಾಲಯದಲ್ಲಿ ಮಾಣೆಕ್‌ಜಿ ಕಾವಸ್‌ಜಿ ಎಂಟಿ ಎಂಬವರು ಬೂಟು ಬಿಚ್ಚಲು ಒಪ್ಪಲಿಲ್ಲ. ಅವರನ್ನು ಒಳಗೆ ಬಿಡಲಿಲ್ಲ. ಅವರು ಸುಮ್ಮನಾಗಲಿಲ್ಲ, ಮುಂಬಯಿ ಗವರ್ನರಿಗೆ ಪತ್ರ ಬರೆದರು. ನಮ್ಮ ಕಲಾದಗಿ, ಬಾದಾಮಿಗಳೂ ಆಗ ಅದೇ ಮುಂಬಯಿ ಪ್ರಾಂತದಲ್ಲಿದ್ದವು. ಗುಡಿಯಲ್ಲಿ, ಮನೆಯಲ್ಲಿ ಬೂಟು ಬಿಡುತ್ತೀರಲ್ಲ, ಇಲ್ಲೇಕೆ ಬಿಡುವುದಿಲ್ಲ ಎಂಬುದು ಇಂಗ್ಲಿಷರ ವಾದ. ಮನೆಯ ಹೊರಗೆ ಬಿಡುವುದು ದಾರಿಯ ಧೂಳು ಒಳಗೆ ಬಾರದಿರಲೆಂದು, ನ್ಯಾಯಾಲಯ ಎಲ್ಲರೂ ಓಡಾಡುವ ಜಾಗ ಎಂಬುದು ನಮ್ಮವರ ಉತ್ತರ. ಆ ಉತ್ತರ ನನಗೆ ಇಂದಿಗೂ ಸರಿ ಎನಿಸುತ್ತದೆ. ತಾನಾಗಿ ಕೊಟ್ಟರಷ್ಟೇ ಅದು ಗೌರವ. ಕಸಿದುಕೊಂಡರೆ ಅಪಮಾನ.

ಇಂದು ಬಾಗಲಕೋಟೆಯ ವಿದ್ಯಾಗಿರಿಯ ಕಾಲೇಜುಗಳಲ್ಲಿ ಓದುವ ಮಕ್ಕಳು ಸಂದರ್ಶನಕ್ಕೆಂದು ಟೈ, ಬೂಟು, ಕೈಕುಲುಕುವ ರೀತಿ ಎಲ್ಲ ಕಲಿಯುತ್ತಾರೆ. ಕಲಿಯಲೇಬೇಕು, ಹೊಟ್ಟೆಪಾಡಿನ ವಿದ್ಯೆ ಅದು. ಆದರೆ ಕಾಲೇಜು ಕಚೇರಿಯವರೆ, ಆ ಮಕ್ಕಳ ಫೀ ಕಟ್ಟಲು ಬಂದ ಅಪ್ಪ ರುಮಾಲು ಸುತ್ತಿಕೊಂಡು, ಇಳಕಲ್ ಸೀರೆಯ ಸೆರಗು ತಲೆ ಮೇಲೆ ಹೊದ್ದ ಅವ್ವ ಚಪ್ಪಲಿ ಬಾಗಿಲಲ್ಲೇ ಬಿಟ್ಟು ನಿಮ್ಮ ಕಚೇರಿಯೊಳಗೆ ಕಾಲಿಟ್ಟರೆ, ದಯವಿಟ್ಟು ನಗಬೇಡಿ. ಎದ್ದು ನಿಲ್ಲಿ, ಕುರ್ಚಿ ಕೊಡಿ, ‘ಬರ್ರಿ, ಕುಂದರ್ರಿ’ ಅನ್ನಿ.