ಕಂಪನಿಯ ವಿಳಾಸವೂ ಮನೆಯ ಬಾಗಿಲೂ



ಪುಣೆಯಲ್ಲಿ ಸ್ವಂತ ಉದ್ಯೋಗ ಹೂಡಿ ಪ್ರೈವೇಟ್ ಲಿಮಿಟೆಡ್ ಕಂಪನಿ ನೋಂದಾಯಿಸುವ ನಮ್ಮವರು ಕೇಳುವುದುಂಟು: ವಿಳಾಸಕ್ಕೆ ಮನೆಯದನ್ನೇ ಬರೆಸಬಹುದೆ? ಬರೆಸಬಹುದು. ಆದರೆ ವಿಳಾಸ ಕೊಡುವುದು ಸುಲಭ, ಅದನ್ನು ಕಾಯುವುದು ಕಷ್ಟ.

ಅಮೆರಿಕದ ಬಹುಪಾಲು ರಾಜ್ಯಗಳಲ್ಲಿ ಸರಕಾರದ ಮತ್ತು ನ್ಯಾಯಾಲಯದ ಕಾಗದಗಳನ್ನು ತೆಗೆದುಕೊಳ್ಳಲು ಪ್ರತಿ ಕಂಪನಿಯೂ ಒಬ್ಬ ನೋಂದಾಯಿತ ಏಜೆಂಟನನ್ನು ಹೆಸರಿಸಬೇಕು. ನಮ್ಮಲ್ಲಿ ಆ ಹೊಣೆ ನೋಂದಾಯಿತ ಕಚೇರಿಯದು. 2013ರ ಕಂಪನಿ ಕಾಯಿದೆಯ 12ನೆಯ ಕಲಮಿನಂತೆ, ಕಂಪನಿ ಸ್ಥಾಪನೆಯಾದ 30 ದಿನಗಳೊಳಗೆ ಕಾಗದಪತ್ರ ಪಡೆದು ಸಹಿ ಹಾಕಿಕೊಡಬಲ್ಲ ಕಚೇರಿ ಇರತಕ್ಕದ್ದು. ಹೊರಗೆ ಹೆಸರಿನ ಫಲಕ ಬೇಕು. ಅದನ್ನು ಕನ್ನಡದಲ್ಲಿ ಬರೆಸಿದರೆ ಇಲ್ಲಿಯ ದೇವನಾಗರಿಯಲ್ಲಿಯೂ ಬರೆಸಬೇಕು. ಸ್ಥಳ ಬದಲಾದರೆ 30 ದಿನಗಳಲ್ಲಿ ರಿಜಿಸ್ಟ್ರಾರರಿಗೆ ತಿಳಿಸಬೇಕು. ತಪ್ಪಿದರೆ ದಿನಕ್ಕೆ 1,000 ರೂಪಾಯಿಯಂತೆ 1 ಲಕ್ಷದವರೆಗೆ ದಂಡ.

ದಂಡಕ್ಕಿಂತ ದೊಡ್ಡ ಅಪಾಯ ಬೇರೆ. ಸರಿಯಾದ ವಿಳಾಸಕ್ಕೆ ಅಂಚೆಯಲ್ಲಿ ಕಳಿಸಿದ ನೋಟೀಸು ವಾಡಿಕೆಯ ಹೊತ್ತಿಗೆ ಮುಟ್ಟಿತೆಂದೇ ಕಾನೂನು ಭಾವಿಸುತ್ತದೆ. ಊರ ಜಾತ್ರೆಗೆಂದು ನಾವು ಬೀಗ ಹಾಕಿ ಹೋಗಿರಬಹುದು. ಉತ್ತರದ ಗಡುವು ನಮಗಾಗಿ ಕಾಯುವುದಿಲ್ಲ. ಸಂಶಯ ಬಂದರೆ ರಿಜಿಸ್ಟ್ರಾರರು ಸ್ಥಳ ಪರೀಕ್ಷೆ ಮಾಡಿಸಬಹುದು. ಕಚೇರಿ ಕಾಣದಿದ್ದರೆ ಕಂಪನಿಯ ಹೆಸರನ್ನೇ ದಾಖಲೆಯಿಂದ ತೆಗೆಯುವ ಕ್ರಮ ಜರುಗಿಸಬಹುದು.

ಆದುದರಿಂದ ಮನೆಯ ವಿಳಾಸ ಕೊಡುವವರು ಹಗಲಿನಲ್ಲಿ ಕಾಗದ ತೆಗೆದುಕೊಳ್ಳುವವರು ಯಾರೆಂದು ಮೊದಲೇ ಗೊತ್ತುಮಾಡಿರಿ. ಬಾಡಿಗೆ ಮನೆಯಾದರೆ ಮಾಲಕರ ಒಪ್ಪಿಗೆ ಪತ್ರ ಪಡೆಯಿರಿ. ಬಂದ ತಾರೀಖನ್ನು ಲಕೋಟೆಯ ಮೇಲೆಯೇ ಬರೆದಿಡಿರಿ. ಮನೆಯಲ್ಲಿ ಯಾರೂ ಇರದಿದ್ದರೆ, ಸದಾ ತೆರೆದಿರುವ ಸ್ನೇಹಿತರ ಕಚೇರಿಯ ವಿಳಾಸವನ್ನು ಅವರ ಲಿಖಿತ ಒಪ್ಪಿಗೆಯಿಂದ ಕೊಡುವುದೇ ಮೇಲು. ಕಷ್ಟಪಟ್ಟು ಕಟ್ಟಿದ ಉದ್ಯೋಗ ಒಡೆಯದೆ ಬಿದ್ದ ಒಂದು ಲಕೋಟೆಯಿಂದ ಕೆಡಬಾರದು.